ನೊಂದವರ ಪಕ್ಕದಲ್ಲಿ ನಿಂತ ಚಲಚ್ಚಿತ್ರಕಾರ
(ಬಿಮಲ್ ರಾಯರ ಪ್ರೇರಣೆಯನ್ನು ಕುರಿತ ಒಂದು ಐತಿಹಾಸಿಕ ವಿವೇಚನೆ)

ಮಠಗಳ ಮಹೋತ್ಸವದ ಸಂದರ್ಭದಲ್ಲಿ ಹೊರಬರುವ ಸ್ಮರಣ ಸಂಪುಟಗಳಲ್ಲಿ ಪೀಠಪರಂಪರೆ, ದಾಸೋಹದ ಇತಿಹಾಸ, ಶಾಸನಗಳ ಶೋಧನೆ, ಶಾಸ್ತ್ರವಿಚಾರ ಇವುಗಳನ್ನು ಕುರಿತ ಲೇಖನಗಳಿರುವುದು ವಾಡಿಕೆ. ಅವುಗಳ ನಡುವೆ ಚಲಚ್ಚಿತ್ರವನ್ನೂ ಅದನ್ನು ರಚಿಸಿದವನೊಬ್ಬನನ್ನೂ ಕುರಿತ ಪ್ರಬಂಧವನ್ನು ಕಂಡು ಭಕ್ತಮಹಾಶಯರಲ್ಲಿ ಕೆಲವರಿಗಾದರೂ ಆಶ್ಚರ್ಯವಾದೀತು. ಆದರೆ ಸ್ವಲ್ಪ ಆಲೋಚಿಸಿ ನೋಡಿದರೆ ಇದರಲ್ಲಿ ಆಶ್ಚರ್ಯಕ್ಕೆ ಆಸ್ಪದವಿಲ್ಲ. ನಮ್ಮ ಹಿರಿಯರ ಕಾಲದಲ್ಲಿ ಜಾತ್ರೆಯ ಬಯಲಾಟ, ಮಠದ ಅಂಗಳದ ಪುರಾಣ, ಊರ ಚಾವಡಿಯ ಕೀರ್ತನೆ ಇವು ಜನಮನವನ್ನು ತಿದ್ದುವ ಸಾಧನಗಳಾಗಿದ್ದವು. ಇಪ್ಪತ್ತನೆಯ ಶತಮಾನದಲ್ಲಿ ಆ ಸ್ಥಾನದ ಬಹುಭಾಗವನ್ನು ಚಲಚ್ಚಿತ್ರವು ಆಕ್ರಮಿಸಿತು. ಓದುಬರಹ ಬಲ್ಲವರೂ ಬಾರದವರೂ ಒಂದೇ ಕತ್ತಲೆಯ ಮಂದಿರದಲ್ಲಿ ಕುಳಿತು, ಒಂದೇ ಬೆಳಕನ್ನು ನೋಡಿ, ಒಂದೇ ದುಃಖಕ್ಕೆ ಕಣ್ಣೀರಿಟ್ಟರು. ಕುಲಗೋತ್ರಗಳ ಗೋಡೆಗಳು ಗಟ್ಟಿಯಾಗಿದ್ದ ನಾಡಿನಲ್ಲಿ ಇದು ಅಲ್ಪ ಸಂಗತಿಯೇನಲ್ಲ.

ಈ ಲೇಖನದಲ್ಲಿ ವಿಚಾರಿಸಬೇಕೆಂದಿರುವ ಪ್ರಶ್ನೆ ಒಂದೇ. ತಾನು ಸ್ವತಃ ಅಸ್ಪೃಶ್ಯತೆಯ ಅವಮಾನವನ್ನು ಉಣ್ಣದವನು, ಉತ್ತಮ ಕುಲವೆನಿಸಿಕೊಂಡ ಮನೆಯಲ್ಲಿ ಹುಟ್ಟಿದವನು, ಆ ಅವಮಾನವನ್ನು ಉಂಡವರ ಪಕ್ಷವನ್ನು ಏಕೆ ವಹಿಸುತ್ತಾನೆ? ಅವನನ್ನು ಆ ಕಡೆಗೆ ಪ್ರೇರಿಸುವುದು ಯಾವುದು? ಕನಿಕರವೇ? ಕೀರ್ತಿಯೇ? ಕಾಲಧರ್ಮವೇ? ಅಥವಾ ಇವೆಲ್ಲಕ್ಕಿಂತ ಆಳವಾದ ಬೇರೊಂದು ಭಾವವೇ? ಈ ಪ್ರಶ್ನೆಗೆ ಉತ್ತರವನ್ನು ಬರಿಯ ತರ್ಕದಿಂದ ಕಂಡುಕೊಳ್ಳುವುದಕ್ಕಿಂತ ಒಬ್ಬ ಮಹನೀಯನ ಬಾಳನ್ನೂ ಕೃತಿಗಳನ್ನೂ ಮುಂದಿಟ್ಟುಕೊಂಡು ಪರಿಶೀಲಿಸುವುದು ಲೇಸು. ಅಂಥ ಮಹನೀಯನು ವಂಗದೇಶದ ಬಿಮಲ್ ರಾಯ್.

ಮೊದಲ ಹೆಜ್ಜೆ

ಬಿಮಲ್ ರಾಯರ ವಿಷಯಕ್ಕೆ ಬರುವ ಮೊದಲು ಅವರಿಗಿಂತ ಹಿಂದಿನ ಒಂದು ಕೃತಿಯನ್ನು ನೆನೆಯುವುದು ಉಚಿತ. 1932ರಲ್ಲಿ ಮಹಾತ್ಮಾ ಗಾಂಧಿಯವರು ಯರವಡಾ ಸೆರೆಮನೆಯಲ್ಲಿ ಉಪವಾಸವನ್ನು ಕೈಗೊಂಡರು. ಅವರಿಗೂ ಡಾಕ್ಟರ್ ಅಂಬೇಡಕರರಿಗೂ ನಡುವೆ ಪುಣೆಯ ಒಪ್ಪಂದವಾಯಿತು. ಮರುವರ್ಷ ಗಾಂಧಿಯವರ ಹರಿಜನ ಯಾತ್ರೆ ಪ್ರಾರಂಭವಾಯಿತು. ದೇಶದ ಮೂಲೆಮೂಲೆಗಳಲ್ಲಿ ದೇವಾಲಯ ಪ್ರವೇಶದ ಮಾತು, ಬಾವಿಯ ಮಾತು, ಕೂಡಿ ಉಣ್ಣುವ ಮಾತು ಕೇಳಿಬರುತ್ತಿದ್ದ ಕಾಲವದು. ಆ ಗಾಳಿಯಲ್ಲಿಯೇ 1936ರಲ್ಲಿ ಮುಂಬಯಿಯ ಬಾಂಬೆ ಟಾಕೀಸ್ ಸಂಸ್ಥೆಯಿಂದ 'ಅಛೂತ್ ಕನ್ಯಾ' ಎಂಬ ವಾಕ್ಚಿತ್ರವು ಹೊರಬಂದಿತು. ಸಂಸ್ಥೆಯ ಯಜಮಾನರು ಹಿಮಾಂಶು ರಾಯ್. ಕಥೆಯನ್ನು ಬರೆದವರು ದೇಶಭಕ್ತ ಬಿಪಿನ್ ಚಂದ್ರ ಪಾಲರ ಪುತ್ರ ನಿರಂಜನ ಪಾಲ್. ನಿರ್ದೇಶಿಸಿದವರು ಜರ್ಮನಿಯಿಂದ ಬಂದಿದ್ದ ಫ್ರಾಂಝ್ ಓಸ್ಟೆನ್.

ರೈಲು ಹಳಿಯ ಗೇಟನ್ನು ಕಾಯುವ ಅಸ್ಪೃಶ್ಯನೊಬ್ಬನ ಮಗಳು ಕಸ್ತೂರಿ. ಅಂಗಡಿ ನಡೆಸುವ ಬ್ರಾಹ್ಮಣನೊಬ್ಬನ ಮಗ ಪ್ರತಾಪ. ಹಿಂದೊಮ್ಮೆ ಗೇಟು ಕಾಯುವವನು ಹಾವು ಕಚ್ಚಿದ ಬ್ರಾಹ್ಮಣನ ಗಾಯದಿಂದ ವಿಷವನ್ನು ಹೀರಿ ಪ್ರಾಣವನ್ನುಳಿಸಿದ್ದರಿಂದ ತಂದೆಗಳಿಬ್ಬರೂ ಮಿತ್ರರು. ಮಕ್ಕಳಲ್ಲಿ ಪ್ರೇಮವಂಕುರಿಸಿದರೂ ಲೋಕವು ಅವರನ್ನು ಬೇರೆಬೇರೆ ಕಡೆ ಮದುವೆಮಾಡುತ್ತದೆ. ಕೊನೆಗೆ ತನ್ನ ಗಂಡನೂ ಪ್ರತಾಪನೂ ಹಳಿಯ ಮೇಲೆ ಹೊಡೆದಾಡುತ್ತಿರುವಾಗ ಅವರನ್ನುಳಿಸುವುದಕ್ಕಾಗಿ ಕಸ್ತೂರಿಯು ಧಾವಿಸಿ ಬರುವ ರೈಲಿಗೆ ಬಲಿಯಾಗುತ್ತಾಳೆ. ದೇವಿಕಾ ರಾಣಿ ಮತ್ತು ಅಶೋಕ ಕುಮಾರ್ ನಟಿಸಿದ ಈ ಚಿತ್ರವನ್ನು ನೋಡಿ ದೇಶವೇ ಮರುಗಿತು.

ಈ ಚಿತ್ರದ ಸದುದ್ದೇಶವನ್ನು ಯಾರೂ ಅಲ್ಲಗಳೆಯಲಾರರು. ಆದರೂ ಒಂದು ಮಾತನ್ನು ಹೇಳಲೇಬೇಕು. ಇಲ್ಲಿ ಅಸ್ಪೃಶ್ಯ ಕನ್ಯೆಯು ಸಾಯುತ್ತಾಳೆ, ಸತ್ತು ಪೂಜ್ಯಳಾಗುತ್ತಾಳೆ. ಬದುಕಿದ್ದಾಗ ಹತ್ತಿರ ಕುಳ್ಳಿರಿಸಿಕೊಳ್ಳದ ಲೋಕವು ಸತ್ತ ಬಳಿಕ ಕೈಮುಗಿಯುತ್ತದೆ. ನೋಡುವವನು ಅತ್ತು, ಹಗುರಾಗಿ, ತನ್ನ ಮನೆಗೆ ಹಿಂದಿರುಗುತ್ತಾನೆ. ಮನೆಯ ಹಿತ್ತಲ ಬಾಗಿಲಲ್ಲಿ ನಿಂತವರಿಗೆ ಎತ್ತಿ ನೀರು ಹೊಯ್ಯುವ ಪದ್ಧತಿಯು ಮಾತ್ರ ಹಾಗೆಯೇ ಉಳಿಯುತ್ತದೆ. ಕನಿಕರವು ಒಳ್ಳೆಯ ಗುಣವೇ ಹೌದು. ಆದರೆ ಕನಿಕರಕ್ಕೆ ಒಂದು ದೋಷವುಂಟು: ಅದು ಕೊಡುವವನನ್ನು ಮೇಲೆಯೂ ಪಡೆಯುವವನನ್ನು ಕೆಳಗೆಯೂ ಇರಿಸಿಯೇ ನಡೆಯುತ್ತದೆ.

ಕಳೆದುಹೋದ ಭೂಮಿ

ಬಿಮಲ್ ರಾಯರು 1909ರಲ್ಲಿ ಢಾಕಾ ಪ್ರಾಂತದ ಸುಆಪುರ ಎಂಬ ಗ್ರಾಮದಲ್ಲಿ ಜಮೀನುದಾರ ಮನೆತನದಲ್ಲಿ ಜನಿಸಿದರು. ಹೊಲ, ಹೊಳೆ, ಒಕ್ಕಲುಗಳ ನಡುವೆ ಬಾಲ್ಯ ಕಳೆಯಿತು. ತಂದೆಯು ತೀರಿಕೊಂಡ ಮೇಲೆ ಜಮೀನಿನ ಆಡಳಿತವನ್ನು ನೋಡಿಕೊಳ್ಳುತ್ತಿದ್ದವನ ಮೋಸದಿಂದ ಆಸ್ತಿಯು ಕೈಬಿಟ್ಟುಹೋಯಿತು. ವಿಧವೆಯಾದ ತಾಯಿಯನ್ನೂ ತಮ್ಮಂದಿರನ್ನೂ ಕರೆದುಕೊಂಡು ತರುಣ ಬಿಮಲರು ಕಲಕತ್ತೆಗೆ ಬಂದರು. ನಿನ್ನೆಯವರೆಗೆ ಒಕ್ಕಲುಗಳಿಂದ ಕಾಣಿಕೆ ಪಡೆಯುತ್ತಿದ್ದ ಮನೆಯವರು ಇಂದು ಮಹಾನಗರದಲ್ಲಿ ಕೆಲಸವನ್ನು ಹುಡುಕುವವರಾದರು.

ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಭೂಮಿಯನ್ನು ಕಳೆದುಕೊಂಡ ಜಮೀನುದಾರನ ಮಗನು ಸಾಮಾನ್ಯವಾಗಿ ಎರಡು ದಾರಿಗಳಲ್ಲಿ ಒಂದನ್ನು ಹಿಡಿಯುತ್ತಾನೆ. ಹಳೆಯ ವೈಭವವನ್ನು ನೆನೆನೆನೆದು ಕೊರಗುವುದು ಒಂದು. ಕಳೆದುದನ್ನು ಹೇಗಾದರೂ ಮರಳಿ ಗಳಿಸಬೇಕೆಂದು ಹಟತೊಡುವುದು ಇನ್ನೊಂದು. ಬಿಮಲ್ ರಾಯರು ಎರಡನ್ನೂ ಹಿಡಿದಂತೆ ಅವರ ಕೃತಿಗಳಲ್ಲಿ ಕಾಣುವುದಿಲ್ಲ. ಮೋಸದ ಲೆಕ್ಕಪತ್ರವು ಒಂದು ಮನೆಯನ್ನು ಹೇಗೆ ಬೀದಿಗೆ ತರಬಲ್ಲುದೆಂಬುದನ್ನು ಅವರು ಸ್ವಂತ ಅನುಭವದಿಂದ ಬಲ್ಲವರಾಗಿದ್ದರು. ಅದೇ ಬಗೆಯ ಲೆಕ್ಕಪತ್ರಗಳಿಂದ ಜಮೀನುದಾರರ ಮನೆಗಳೇ ಅಸಂಖ್ಯ ರೈತರನ್ನು ಬೀದಿಗೆ ತಂದಿದ್ದವಷ್ಟೆ. ತನ್ನ ದುಃಖದ ಕಿಂಡಿಯಿಂದ ಪರರ ದುಃಖವನ್ನು ಕಾಣುವವನು ಒಬ್ಬನಾದರೆ, ಆ ಪರರ ದುಃಖದಲ್ಲಿ ತನ್ನವರ ಕೈಯೂ ಇತ್ತೆಂಬುದನ್ನು ಕಾಣುವವನು ನೂರರಲ್ಲಿ ಒಬ್ಬನು. ಬಿಮಲ್ ರಾಯರ ಮುಂದಿನ ಕೃತಿಗಳನ್ನು ನೋಡಿದರೆ ಅವರು ಈ ಎರಡನೆಯ ವರ್ಗಕ್ಕೆ ಸೇರಿದವರೆಂದು ಧಾರಾಳವಾಗಿ ಹೇಳಬಹುದು.

ಕಲಕತ್ತೆಯಲ್ಲಿ ಬಿ. ಎನ್. ಸರ್ಕಾರರ ನ್ಯೂ ಥಿಯೇಟರ್ಸ್ ಸಂಸ್ಥೆಯನ್ನು ಸೇರಿ, ನಿತಿನ್ ಬೋಸರ ಕೈಕೆಳಗೆ ಛಾಯಾಗ್ರಾಹಕನ ಸಹಾಯಕರಾಗಿ ಅವರು ವೃತ್ತಿಯನ್ನಾರಂಭಿಸಿದರು. ಬಳಿಕ ಪ್ರಮಥೇಶ ಬರುವಾ ಅವರ ಚಿತ್ರಗಳಿಗೆ ಕ್ಯಾಮರಾ ಹಿಡಿದರು. ಮಾತು ಕಡಮೆ, ನೋಟ ಹೆಚ್ಚು ಎಂಬುದು ಅವರ ಸ್ವಭಾವ. ಮನುಷ್ಯನ ಮುಖದ ಮೇಲೆ ಬೆಳಕು ಎಲ್ಲಿ ಬೀಳಬೇಕು, ನೆರಳು ಎಲ್ಲಿ ನಿಲ್ಲಬೇಕು ಎಂಬುದನ್ನು ವರ್ಷಗಟ್ಟಲೆ ಅಭ್ಯಸಿಸಿದವರಿಗೆ, ಸಮಾಜದಲ್ಲಿ ಬೆಳಕು ಯಾರ ಮೇಲೆ ಬೀಳುತ್ತಿದೆ, ಯಾರು ನೆರಳಿನಲ್ಲಿಯೇ ಉಳಿದಿದ್ದಾರೆ ಎಂಬುದು ಕಾಣದೆ ಹೋಗುವುದು ಕಷ್ಟ.

ಕ್ಷಾಮವು ಕಲಿಸಿದ ಪಾಠ

1943ರಲ್ಲಿ ವಂಗದೇಶವನ್ನು ಘೋರವಾದ ಕ್ಷಾಮವು ಮುತ್ತಿತು. ಸುಮಾರು 30 ಲಕ್ಷ ಜನರು ಹಸಿವಿನಿಂದಲೂ ಅದರ ಬೆನ್ನಿಗೆ ಬಂದ ರೋಗಗಳಿಂದಲೂ ಮಡಿದರೆಂದು ಸಾಮಾನ್ಯವಾದ ಅಂದಾಜು. ಮಹಾಯುದ್ಧದ ಕಾಲವಾದುದರಿಂದ ಧಾನ್ಯದ ಬೆಲೆ ಗಗನಕ್ಕೇರಿತ್ತು. ದಾಸ್ತಾನು ಮಾಡಿದವರು ಲಾಭಗಳಿಸಿದರು. ಹಳ್ಳಿಗಳಿಂದ ಗುಂಪುಗುಂಪಾಗಿ ಬಂದ ರೈತಕುಟುಂಬಗಳು ಕಲಕತ್ತೆಯ ಬೀದಿಗಳಲ್ಲಿ ಅನ್ನವನ್ನಲ್ಲ, ಅನ್ನದ ಗಂಜಿನೀರನ್ನು ಬೇಡುತ್ತ ಬಿದ್ದುಕೊಂಡವು. ಬೆಳೆದವನೇ ಉಪವಾಸ ಸಾಯುವ ಆ ವಿಪರೀತವನ್ನು ಕಣ್ಣಾರೆ ಕಂಡ ಕಲಾವಿದರಲ್ಲಿ ಅನೇಕರು ಮತ್ತೆ ಹಿಂದಿನಂತೆ ಬರೆಯಲಾರದೆ, ಹಾಡಲಾರದೆ ಹೋದರು. ಅದೇ 1943ರಲ್ಲಿ ಭಾರತೀಯ ಜನನಾಟ್ಯ ಸಂಘವು ಸ್ಥಾಪಿತವಾಯಿತು. ಮುಂದೆ ಬಿಮಲ್ ರಾಯರ ಜೊತೆಗೂಡಿದ ಸಲಿಲ್ ಚೌಧುರಿ, ಬಲರಾಜ್ ಸಾಹನಿ ಮೊದಲಾದವರು ಆ ಸಂಘದ ಗರಡಿಯಲ್ಲಿ ಪಳಗಿದವರು.

ಮರುವರ್ಷ, ಎಂದರೆ 1944ರಲ್ಲಿ, ಬಿಮಲ್ ರಾಯರು ನಿರ್ದೇಶಿಸಿದ 'ಉದಯೇರ್ ಪಥೇ' ಎಂಬ ಬಂಗಾಲಿ ಚಿತ್ರವು ತೆರೆಕಂಡಿತು. ಬಡ ಲೇಖಕನೊಬ್ಬನು ಧನಿಕನಲ್ಲಿ ಉದ್ಯೋಗಕ್ಕೆ ಸೇರಿ, ಅವನಿಗಾಗಿ ಭಾಷಣಗಳನ್ನು ಬರೆದುಕೊಟ್ಟು, ಕೊನೆಗೆ ಕಾರ್ಮಿಕರ ಪಕ್ಷವನ್ನು ಹಿಡಿಯುವ ಕಥೆ ಇದು. ಇದರಲ್ಲಿ ನಮ್ಮ ವಿಷಯಕ್ಕೆ ಮುಖ್ಯವಾದುದು ಧನಿಕನ ತಂಗಿ ಗೋಪಾ ಎಂಬವಳ ಪಾತ್ರ. ಅವಳು ಬಡವರಿಗೆ ದಾನಮಾಡಿ ತೃಪ್ತಳಾಗುವವಳಲ್ಲ. ತನ್ನ ಮನೆಯ ಸಂಪತ್ತು ಎಲ್ಲಿಂದ ಬಂದಿತೆಂಬುದನ್ನರಿತ ಮೇಲೆ ಆ ಮನೆಯಲ್ಲಿ ಇರಲಾರದೆ, ಹೊಸ್ತಿಲು ದಾಟಿ, ಲೇಖಕನೊಡನೆ ನಡೆದುಹೋಗುತ್ತಾಳೆ. ದಾನವು ಮನೆಯ ಒಳಗಿನಿಂದ ಹೊರಕ್ಕೆ ಕೈಚಾಚುತ್ತದೆ. ಒಡನಾಟವು ತಾನೇ ಹೊರಕ್ಕೆ ಬಂದು ನಿಲ್ಲುತ್ತದೆ. ಈ ಭೇದವನ್ನು ಮೊದಲನೆಯ ಚಿತ್ರದಲ್ಲಿಯೇ ನಿರ್ದೇಶಕರು ಗುರುತಿಸಿದ್ದರು. ಮರುವರ್ಷ ಅದೇ ಕಥೆಯನ್ನು 'ಹಮ್‌ರಾಹಿ' ಎಂಬ ಹೆಸರಿನಿಂದ ಹಿಂದಿಯಲ್ಲಿ ತೆಗೆದರು. ಆ ಹೆಸರಿನ ಅರ್ಥವೇ ಸಹಪಥಿಕ, ಒಂದೇ ದಾರಿಯಲ್ಲಿ ಜೊತೆ ನಡೆಯುವವನು.

ಎರಡು ಬಿಘಾ ನೆಲ

ದೇಶವಿಭಜನೆಯಿಂದ ಬಂಗಾಲಿ ಚಿತ್ರೋದ್ಯಮವು ಕ್ಷೀಣಿಸಲು ಬಿಮಲ್ ರಾಯರು ಸಂಗಡಿಗರೊಡನೆ ಮುಂಬಯಿಗೆ ಬಂದರು. 1952ರಲ್ಲಿ ಭಾರತದ ಮೊದಲ ಅಂತಾರಾಷ್ಟ್ರೀಯ ಚಲಚ್ಚಿತ್ರೋತ್ಸವವು ನಡೆದಾಗ ಇಟಲಿ ದೇಶದ ವಿಟ್ಟೋರಿಯೋ ಡಿ ಸಿಕಾ ಎಂಬವರ 'ಬೈಸಿಕಲ್ ಥೀವ್ಸ್' ಚಿತ್ರವನ್ನು ಅವರು ನೋಡಿದರು. ಯುದ್ಧಾನಂತರದ ರೋಮ್ ನಗರದಲ್ಲಿ ಕಳುವಾದ ಸೈಕಲ್ಲನ್ನು ಹುಡುಕುತ್ತ ಅಲೆಯುವ ಒಬ್ಬ ಬಡವನ ಮತ್ತು ಅವನ ಮಗನ ಕಥೆ ಅದು. ರಾಜರಾಣಿಯರಿಲ್ಲ, ಅರಮನೆಯಿಲ್ಲ, ಬೀದಿಯೇ ರಂಗಸ್ಥಳ. ಬೀಜವು ಪರದೇಶದ್ದಾದರೂ ಬಿದ್ದ ಮಣ್ಣು ವಂಗದ್ದು, ಎರೆದ ನೀರು ಕ್ಷಾಮದ ಕಣ್ಣೀರು. 1953ರಲ್ಲಿ 'ದೋ ಬಿಘಾ ಜಮೀನ್' ಹೊರಬಂದಿತು. ಕಥೆಯು ಸಲಿಲ್ ಚೌಧುರಿಯವರದು. ಹೆಸರು ರವೀಂದ್ರನಾಥ ಠಾಕೂರರ ಕವಿತೆಯೊಂದರಿಂದ ಬಂದದ್ದು.

ಶಂಭು ಎಂಬ ರೈತನಿಗೆ ಎರಡೇ ಬಿಘಾ ನೆಲ. ಜಮೀನುದಾರನಿಗೆ ಅಲ್ಲಿ ಕಾರ್ಖಾನೆಯನ್ನು ಕಟ್ಟಿಸಬೇಕಾಗಿದೆ. 65 ರೂಪಾಯಿಯೆಂದು ಶಂಭು ತಿಳಿದಿದ್ದ ಸಾಲವು ಜಮೀನುದಾರನ ಲೆಕ್ಕದಲ್ಲಿ 235 ರೂಪಾಯಿಯಾಗಿ ಬೆಳೆದಿರುತ್ತದೆ. ನ್ಯಾಯಾಲಯವು 3 ತಿಂಗಳ ಗಡುವನ್ನು ಕೊಡುತ್ತದೆ. ಶಂಭು ಮಗನೊಡನೆ ಕಲಕತ್ತೆಗೆ ಹೋಗಿ ಮನುಷ್ಯರನ್ನು ಕೂರಿಸಿಕೊಂಡು ರಿಕ್ಷಾ ಎಳೆಯುತ್ತಾನೆ. ಮಗನು ದಾರಿಹೋಕರ ಬೂಟುಗಳಿಗೆ ಪಾಲಿಶ್ ಹಚ್ಚುತ್ತಾನೆ. ಕೊನೆಗೆ ನೆಲವು ಉಳಿಯುವುದಿಲ್ಲ. ಕಾರ್ಖಾನೆಯ ಬೇಲಿಯ ಬಳಿ ನಿಂತು ತನ್ನದಾಗಿದ್ದ ನೆಲದಿಂದ ಒಂದು ಹಿಡಿ ಮಣ್ಣನ್ನು ಎತ್ತಿಕೊಂಡರೆ ಕಾವಲುಗಾರನು ಅದನ್ನೂ ಬಿಡಿಸುತ್ತಾನೆ. ಆ ಒಂದು ಹಿಡಿ ಮಣ್ಣಿನಲ್ಲಿ ಸುಆಪುರದ ಮಣ್ಣೂ ಬೆರೆತಿತ್ತೆಂದು ಊಹಿಸಿದರೆ ತಪ್ಪಾಗದು. ಆದರೆ ನಿರ್ದೇಶಕರು ಜಮೀನುದಾರನ ಮಗನ ದುಃಖವನ್ನು ಹೇಳಲಿಲ್ಲ. ಜಮೀನುದಾರನಿಂದ ನೆಲ ಕಳೆದುಕೊಂಡವನ ದುಃಖವನ್ನು ಹೇಳಿದರು. ಅವರ ಪ್ರೇರಣೆಯ ಗುಟ್ಟು ಇಲ್ಲಿಯೇ ಅಡಗಿದೆ.

ಶಂಭುವಿನ ಪಾತ್ರವನ್ನು ವಹಿಸಿದ ಬಲರಾಜ್ ಸಾಹನಿಯವರು ಸುಶಿಕ್ಷಿತರು. ಸೇವಾಗ್ರಾಮದಲ್ಲಿಯೂ ಲಂಡನ್ ನಗರದ ಆಕಾಶವಾಣಿ ಸಂಸ್ಥೆಯಲ್ಲಿಯೂ ಕೆಲಸಮಾಡಿ ಬಂದವರು. ಇಂಥವರು ರೈತನಾಗಿ ನಟಿಸಬಲ್ಲರೇ ಎಂಬ ಸಂದೇಹ ಹಲವರಿಗಿತ್ತು, ಅವರಿಗೂ ಇತ್ತು. ಕಲಕತ್ತೆಯಲ್ಲಿ ಚಿತ್ರೀಕರಣ ನಡೆಯುತ್ತಿದ್ದಾಗ ಧೈರ್ಯಗುಂದಿ ಕುಳಿತಿದ್ದ ಅವರ ಬಳಿಗೆ ಒಬ್ಬ ನಡುವಯಸ್ಸಿನ ರಿಕ್ಷಾ ಎಳೆಯುವವನು ಬಂದು, ಇಲ್ಲಿ ಏನು ನಡೆಯುತ್ತಿದೆಯೆಂದು ಕೇಳಿದನಂತೆ. ಕಥೆಯನ್ನು ಕೇಳುತ್ತ ಕೇಳುತ್ತ ಅವನ ಕಣ್ಣಲ್ಲಿ ನೀರು ಬಂದಿತಂತೆ. ಅವನೂ ಎರಡು ಬಿಘಾ ನೆಲವನ್ನು ಜಮೀನುದಾರನಲ್ಲಿ ಒತ್ತೆಯಿಟ್ಟು, ಬಿಡಿಸಿಕೊಳ್ಳಲೆಂದು ನಗರಕ್ಕೆ ಬಂದು, ವರ್ಷಗಳು ಕಳೆದರೂ ಬಿಡಿಸಿಕೊಳ್ಳಲಾರದವನು. ಆ ಬಳಿಕ ತಾನು ನಟನೆಯ ಶಾಸ್ತ್ರವನ್ನು ಚಿಂತಿಸುವುದನ್ನು ಬಿಟ್ಟು, ಆ ಮನುಷ್ಯನ ಆತ್ಮವನ್ನೇ ತನ್ನೊಳಗೆ ತುಂಬಿಕೊಂಡೆನೆಂದು ಸಾಹನಿಯವರು ತಮ್ಮ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ಪರರ ಪಕ್ಕದಲ್ಲಿ ನಿಲ್ಲಬಯಸುವವನು ಮೊದಲು ಅವರ ಮಾತನ್ನು ಕೇಳಬೇಕೆಂಬುದಕ್ಕೆ ಇದಕ್ಕಿಂತ ಒಳ್ಳೆಯ ದೃಷ್ಟಾಂತ ಬೇಡ. ಈ ಚಿತ್ರಕ್ಕೆ 1954ರಲ್ಲಿ ಫ್ರಾನ್ಸಿನ ಕಾನ್ ಉತ್ಸವದಲ್ಲಿ ಅಂತಾರಾಷ್ಟ್ರೀಯ ಪುರಸ್ಕಾರವೂ ದೊರೆಯಿತು.

ಮಗಳೋ, ಮಗಳಂತೆಯೋ

1950ರಲ್ಲಿ ಜಾರಿಗೆ ಬಂದ ನಮ್ಮ ಸಂವಿಧಾನದ 17ನೆಯ ಅನುಚ್ಛೇದವು ಅಸ್ಪೃಶ್ಯತೆಯನ್ನು ರದ್ದುಗೊಳಿಸಿತು. 1955ರಲ್ಲಿ ಅಸ್ಪೃಶ್ಯತೆಯ ಆಚರಣೆಯನ್ನು ದಂಡನೀಯವಾಗಿಸುವ ಕಾಯಿದೆಯೂ ಬಂದಿತು. ಕಾಯಿದೆಯು ಬಾವಿಯ ಬಳಿಗೆ, ಗುಡಿಯ ಬಾಗಿಲಿಗೆ, ಅಂಗಡಿಯ ಜಗಲಿಗೆ ಹೋಗಬಲ್ಲುದು. ಮನೆಯ ನಡುಮನೆಗೆ, ಮನಸ್ಸಿನ ನಡುಮನೆಗೆ ಹೋಗಲಾರದು. ಕಾಯಿದೆಯು ಹೋಗಲಾರದ ಆ ಸ್ಥಳಕ್ಕೆ ಬಿಮಲ್ ರಾಯರು 1959ರಲ್ಲಿ ತಮ್ಮ ಕ್ಯಾಮರಾವನ್ನು ಕೊಂಡೊಯ್ದರು. ಆ ಚಿತ್ರವೇ 'ಸುಜಾತಾ'. ಕಥೆಯು ಸುಬೋಧ ಘೋಷರದು.

ಉಪೇಂದ್ರನಾಥ ಚೌಧುರಿ ಎಂಬ ಎಂಜಿನಿಯರರೂ ಅವರ ಪತ್ನಿ ಚಾರುವೂ ಸಜ್ಜನರು. ಅವರಿಗೆ ರಮಾ ಎಂಬ ಹಸುಗೂಸು. ಕಾಲರಾ ಬೇನೆಯಿಂದ ಅಸ್ಪೃಶ್ಯರಾದ ಕೂಲಿಗಂಡಹೆಂಡಿರು ಮಡಿಯಲು ಅವರ ಶಿಶುವು ಅನಾಥವಾಗಿ ಈ ಮನೆಗೆ ಬರುತ್ತದೆ. ಕಳುಹಿಸಬೇಕೆಂದು ಮಾಡಿದ ಯತ್ನಗಳೆಲ್ಲ ಒಂದಲ್ಲ ಒಂದು ಕಾರಣದಿಂದ ವಿಫಲವಾಗಿ ಮಗುವು ಅಲ್ಲಿಯೇ ಬೆಳೆಯುತ್ತದೆ. ಅದಕ್ಕಿಟ್ಟ ಹೆಸರು ಸುಜಾತಾ. ಎಂದರೆ ಸತ್ಕುಲದಲ್ಲಿ ಜನಿಸಿದವಳು. ಬೋಧಿಯನ್ನು ಪಡೆಯುವ ಮೊದಲು ಗೌತಮನಿಗೆ ಪಾಯಸವನ್ನಿತ್ತವಳ ಹೆಸರೂ ಇದೇ.

ಈ ಮನೆಯಲ್ಲಿ ಯಾರೂ ಸುಜಾತೆಯನ್ನು ಹೊಡೆಯುವುದಿಲ್ಲ, ಹಸಿವಿನಿಂದ ಇರಿಸುವುದಿಲ್ಲ. ಬಟ್ಟೆಯುಂಟು, ಊಟವುಂಟು, ಪ್ರೀತಿಯೂ ಉಂಟು. ಆದರೂ ರಮಾ ಕಾಲೇಜಿಗೆ ಹೋಗುತ್ತಾಳೆ. ಸುಜಾತಾ ಮನೆಗೆಲಸದಲ್ಲಿ, ಹೂದೋಟದಲ್ಲಿ ಉಳಿಯುತ್ತಾಳೆ. ಅತಿಥಿಗಳು ಬಂದು ಇವಳಾರೆಂದು ಕೇಳಿದಾಗ, ಇವಳು ನಮ್ಮ ಮಗಳಂತೆ ಎಂದು ಚಾರು ಹೇಳುತ್ತಾಳೆ. ನಮ್ಮ ಮಗಳು ಎಂದು ಹೇಳುವುದಿಲ್ಲ. ಇಡೀ ಚಿತ್ರವು ಈ ಒಂದು ಪ್ರತ್ಯಯದ ಮೇಲೆ ನಿಂತಿದೆ. 'ಅಂತೆ' ಎಂಬ ಆ ಎರಡಕ್ಷರಗಳಲ್ಲಿ ಸಾವಿರಾರು ವರ್ಷಗಳ ದೂರವಿದೆ. ಸುಜಾತೆಯು ಆ ಮಾತನ್ನು ಕೇಳಿಸಿಕೊಳ್ಳುತ್ತಾಳೆ, ಏನೂ ಹೇಳುವುದಿಲ್ಲ. ನಟಿ ನೂತನ್ ಅವರ ಮುಖದ ಮೇಲೆ ಹಾದುಹೋಗುವ ನೆರಳೇ ಎಲ್ಲವನ್ನೂ ಹೇಳುತ್ತದೆ.

ಇಲ್ಲಿ 'ಅಛೂತ್ ಕನ್ಯಾ' ಚಿತ್ರಕ್ಕೂ ಇದಕ್ಕೂ ಇರುವ ಅಂತರವನ್ನು ವಾಚಕರು ಗಮನಿಸಬೇಕು. ಹಿಂದಿನ ಚಿತ್ರದಲ್ಲಿ ತಪ್ಪು ಊರಿನದು, ಜನಜಂಗುಳಿಯದು. ನೋಡುವವನು ತಾನು ಆ ಜಂಗುಳಿಗೆ ಸೇರಿದವನಲ್ಲವೆಂದು ತಿಳಿದು ಸಮಾಧಾನಪಡಬಹುದು. ಇಲ್ಲಿ ತಪ್ಪು ಒಳ್ಳೆಯವರದು. ಚಾರು ಕ್ರೂರಿಯಲ್ಲ, ನಮ್ಮ ನಿಮ್ಮ ಮನೆಗಳ ತಾಯಂದಿರಂಥವಳು. ಅವಳನ್ನು ನೋಡಿ ಅಳುವವನು ತನ್ನ ಮನೆಯನ್ನು ನೆನೆಯದೆ ಅಳಲಾರನು. ದುಷ್ಟನನ್ನು ದೂಷಿಸುವ ಚಿತ್ರವನ್ನು ಯಾರು ಬೇಕಾದರೂ ತೆಗೆಯಬಹುದು. ಸಜ್ಜನರ ಕೈಯಿಂದ, ಅವರಿಗೇ ಅರಿವಿಲ್ಲದೆ ನಡೆಯುವ ಅನ್ಯಾಯವನ್ನು ದ್ವೇಷವಿಲ್ಲದೆ ತೋರಿಸುವುದಕ್ಕೆ, ತಾನೂ ಅಂಥ ಮನೆಯಿಂದಲೇ ಬಂದವನೆಂಬ ಪ್ರಾಮಾಣಿಕತೆ ಬೇಕು.

ರಮೆಗೆಂದು ನಿಶ್ಚಯಿಸಿದ ಬ್ರಾಹ್ಮಣ ತರುಣ ಅಧೀರನು ಸುಜಾತೆಯನ್ನು ಪ್ರೀತಿಸುತ್ತಾನೆ. ಅವಳ ಜನ್ಮವೃತ್ತಾಂತ ತಿಳಿದ ಮೇಲೂ ಅವನು ಹಿಂಜರಿಯುವುದಿಲ್ಲ. ಕಥೆಯ ನಡುವೆ ರವೀಂದ್ರರ 'ಚಂಡಾಲಿಕಾ' ನಾಟ್ಯದ ಪ್ರದರ್ಶನವೊಂದು ಬರುತ್ತದೆ. ಬುದ್ಧನ ಶಿಷ್ಯನಾದ ಆನಂದನು ಚಂಡಾಲ ಕನ್ಯೆಯ ಕೈಯ ನೀರನ್ನು ಕುಡಿದ ವೃತ್ತಾಂತವದು. ಸತ್ಯವು ಹೊರಬಿದ್ದು ಮನೆಯು ತಲ್ಲಣಿಸಿದಾಗ ಚಾರು ಮೆಟ್ಟಿಲುಗಳಿಂದ ಬಿದ್ದು ಗಾಯಗೊಳ್ಳುತ್ತಾಳೆ. ರಕ್ತವನ್ನು ಕೊಡದೆ ಅವಳು ಬದುಕುವಂತಿಲ್ಲ. ಮನೆಯವರಲ್ಲಿ ಯಾರ ರಕ್ತವೂ ಹೊಂದುವುದಿಲ್ಲ, ಸುಜಾತೆಯದು ಹೊಂದುತ್ತದೆ. ಆ ರಕ್ತವು ಒಳಗೆ ಹರಿದ ಮೇಲೆ ಚಾರುವಿನ ಬಾಯಿಂದ 'ಅಂತೆ' ಎಂಬುದು ಉದುರಿಹೋಗಿ ಮಗಳು ಎಂಬುದು ಮಾತ್ರ ಉಳಿಯುತ್ತದೆ.

ಒಂದು ಆಕ್ಷೇಪ

ಸತ್ಯಶೋಧನೆಯೇ ಇತಿಹಾಸದ ಧರ್ಮವಾದುದರಿಂದ ಈ ಚಿತ್ರದ ಮೇಲಣ ನ್ಯಾಯವಾದ ಆಕ್ಷೇಪವನ್ನು ಮುಚ್ಚಿಡಲಾಗದು. ಸುಜಾತೆಯು ಮಗಳೆನ್ನಿಸಿಕೊಳ್ಳುವುದಕ್ಕೆ ರಕ್ತವನ್ನು ಏಕೆ ಕೊಡಬೇಕಾಯಿತು? ರಮೆಯು ಏನನ್ನೂ ಕೊಡದೆ ಮಗಳಾಗಿದ್ದಳಷ್ಟೆ. ಒಂದು ವೇಳೆ ಸುಜಾತೆಯ ರಕ್ತವು ಹೊಂದದೆ ಹೋಗಿದ್ದರೆ ಅವಳು ಕೊನೆಯವರೆಗೆ 'ಮಗಳಂತೆ'ಯೇ ಇರುತ್ತಿದ್ದಳೇ? ನೊಂದವರು ತಮ್ಮ ಸದ್ಗುಣವನ್ನು, ಸಹನೆಯನ್ನು, ತ್ಯಾಗವನ್ನು ಸಿದ್ಧಪಡಿಸಿ ತೋರಿಸಿದ ಮೇಲೆಯೇ ಉಳಿದವರು ಅವರನ್ನು ಮನುಷ್ಯರೆಂದು ಒಪ್ಪುವುದಾದರೆ, ಅದು ನ್ಯಾಯವಲ್ಲ, ಪರೀಕ್ಷೆ. ಇದಲ್ಲದೆ ಸುಜಾತೆಯು ಮಿತಭಾಷಿಣಿ, ಕೋಪವನ್ನರಿಯದವಳು. ಕೋಪಿಸಿಕೊಂಡ ಸುಜಾತೆಯನ್ನು ಅಂದಿನ ಪ್ರೇಕ್ಷಕರು ಇಷ್ಟು ಪ್ರೀತಿಸುತ್ತಿದ್ದರೇ ಎಂಬುದೂ ಸಂದೇಹವೇ.

ಈ ಆಕ್ಷೇಪದಲ್ಲಿ ಸತ್ಯವಿದೆ. ಪಕ್ಕದಲ್ಲಿ ನಿಲ್ಲುವವನ ಮಿತಿಯೂ ಇಲ್ಲಿಯೇ ಕಾಣುತ್ತದೆ. ಅವನು ತನ್ನ ಮನೆಯ ಪರಿವರ್ತನೆಯನ್ನು ಚೆನ್ನಾಗಿ ಬಲ್ಲನು, ನೊಂದವರ ಮನಸ್ಸನ್ನು ಅಷ್ಟಾಗಿ ಬಲ್ಲವನಲ್ಲ. ಆದುದರಿಂದ 'ಸುಜಾತಾ' ನಿಜವಾಗಿ ಸುಜಾತೆಯ ಕಥೆಯಲ್ಲ, ಚಾರುವಿನ ಕಥೆ. ಹಾಗೆಂದು ತಿಳಿದು ನೋಡಿದರೆ ಅದರ ಬೆಲೆ ಕಡಮೆಯಾಗುವುದಿಲ್ಲ. ಅದರ ಸ್ಥಾನವು ಸ್ಪಷ್ಟವಾಗುತ್ತದೆ.

ಕನ್ನಡ ನಾಡಿನ ಉತ್ತರ

ರಕ್ತದಾನದಿಂದ ಮುಕ್ತಾಯವಾಗುವ ಕಥೆಗೆ ಪ್ರತಿಯಾಗಿ, ಯಾವ ಸಮಾಧಾನವನ್ನೂ ಕೊಡದ ಕಥೆಯೊಂದನ್ನು ಕನ್ನಡಿಗರು ಮೊದಲೇ ಬರೆದಿದ್ದರು. ಶಿವರಾಮ ಕಾರಂತರ 'ಚೋಮನ ದುಡಿ' ಕಾದಂಬರಿಯು 1933ರಲ್ಲಿ ಪ್ರಕಟವಾಯಿತು. ಅದನ್ನು ಬಿ. ವಿ. ಕಾರಂತರು 1975ರಲ್ಲಿ ಚಲಚ್ಚಿತ್ರವಾಗಿಸಿದರು. ದಕ್ಷಿಣ ಕನ್ನಡದ ಮಂಚಿಯ ಬಳಿ ಹುಟ್ಟಿ, ಬಾಲ್ಯದಲ್ಲಿಯೇ ಗುಬ್ಬಿ ವೀರಣ್ಣನವರ ನಾಟಕ ಕಂಪನಿಯನ್ನು ಸೇರಿ ಬೆಳೆದವರು ಅವರು. ಲೇಖಕರೂ ನಿರ್ದೇಶಕರೂ ಇಬ್ಬರೂ ಚೋಮನ ಕುಲದವರಲ್ಲ.

ಚೋಮನಿಗೆ ಒಂದೇ ಆಸೆ: ಸ್ವಂತವಾಗಿ ಒಂದು ತುಂಡು ನೆಲವನ್ನು ಉಳಬೇಕು. ಎತ್ತುಗಳಿವೆ, ಆದರೆ ಅವನ ಜಾತಿಯವರು ಬೇಸಾಯ ಮಾಡುವುದು ಸಂಪ್ರದಾಯಕ್ಕೆ ವಿರುದ್ಧ. ಧಣಿಯಾದ ಸಂಕಪ್ಪಯ್ಯನು ಕೆಟ್ಟವನಲ್ಲ. ಕೊಡಬೇಕೆಂಬ ಮನಸ್ಸೂ ಅವನಿಗಿದೆ. ತಾಯಿಯ ಮಾತಿಗೆ ಅಂಜಿ ಸುಮ್ಮನಾಗುತ್ತಾನೆ. ಹೊಳೆಯಲ್ಲಿ ಮುಳುಗುತ್ತಿರುವ ಚೋಮನ ಮಗನಿಗೆ, ಮುಟ್ಟಿದರೆ ಮೈಲಿಗೆಯೆಂದು ದಡದಲ್ಲಿದ್ದವರು ಕೈಚಾಚುವುದಿಲ್ಲ. ಕೊನೆಗೆ ಚೋಮನು ನೇಗಿಲನ್ನು ಮುರಿದು, ಎತ್ತುಗಳನ್ನು ಬಿಟ್ಟು, ದುಡಿಯನ್ನು ಬಾರಿಸುತ್ತ ಬಾರಿಸುತ್ತ ಸಾಯುತ್ತಾನೆ. ಇಲ್ಲಿ ಯಾವ ಸಜ್ಜನನ ಮನಃಪರಿವರ್ತನೆಯೂ ಇಲ್ಲ. ಮನಸ್ಸಿನಲ್ಲಿ ಪಕ್ಕಕ್ಕೆ ನಿಂತು, ಕಾರ್ಯದಲ್ಲಿ ದೂರ ನಿಂತ ಸಂಕಪ್ಪಯ್ಯನ ಮೌನವೂ ಒಂದು ಹತ್ಯೆಯೆಂದು ಆ ದುಡಿಯ ನಾದವು ಸಾರುತ್ತದೆ. ಚೋಮನಾಗಿ ನಟಿಸಿದ ವಾಸುದೇವ ರಾಯರಿಗೆ ಶ್ರೇಷ್ಠ ನಟನೆಂಬ ರಾಷ್ಟ್ರಪ್ರಶಸ್ತಿಯೂ ಚಿತ್ರಕ್ಕೆ ಸ್ವರ್ಣಕಮಲವೂ ದೊರೆತವು.

ಮುಂದೆ ನೊಂದವರೇ ಕ್ಯಾಮರಾವನ್ನು ಕೈಗೆತ್ತಿಕೊಂಡ ಕಾಲವೂ ಬಂದಿತು. 2013ರಲ್ಲಿ ನಾಗರಾಜ ಮಂಜುಳೆಯವರ 'ಫಂಡ್ರಿ' ಎಂಬ ಮರಾಠಿ ಚಿತ್ರವು ಹೊರಬಂದಿತು. ಹಂದಿ ಹಿಡಿಯುವ ಮನೆಯ ಹುಡುಗನು ತನ್ನನ್ನು ಹಂಗಿಸಿದವರ ಮೇಲೆ ಎಸೆದ ಕಲ್ಲು ಅಂತ್ಯದಲ್ಲಿ ನೋಡುವವರ ಕಡೆಗೇ ಹಾರಿಬರುತ್ತದೆ. ಸುಜಾತೆಯು ತೋರಿಸದಿದ್ದ ಕೋಪವನ್ನು ಅವನು ತೋರಿಸಿದನು. ಪಕ್ಕದಲ್ಲಿ ನಿಂತವರ ಕೆಲಸವು ಇಲ್ಲಿಗೆ ವ್ಯರ್ಥವಾಯಿತೆಂದು ತಿಳಿಯಬಾರದು. ದಾರಿಯನ್ನು ಬಿಟ್ಟುಕೊಡುವುದೂ ಜೊತೆ ನಡೆಯುವುದರ ಒಂದು ಬಗೆಯೇ.

ಉಪಸಂಹಾರ

ಬಿಮಲ್ ರಾಯರು 1966ರಲ್ಲಿ, ಐವತ್ತಾರನೆಯ ವಯಸ್ಸಿನಲ್ಲಿ, ಕಾಲವಾದರು. ಅವರ ಬಾಳಿನಿಂದ ನಾವು ಎತ್ತಿದ ಪ್ರಶ್ನೆಗೆ ದೊರೆಯುವ ಉತ್ತರವಿಷ್ಟು. ಅನ್ಯಾಯಕ್ಕೊಳಗಾದವರ ಪಕ್ಕಕ್ಕೆ ಕಲಾವಿದನನ್ನು ಕೊಂಡೊಯ್ಯುವುದು ಕನಿಕರವೊಂದೇ ಅಲ್ಲ, ಋಣದ ಅರಿವು. ತನ್ನ ಮನೆಯ ಅನ್ನದಲ್ಲಿ ಯಾರ ಬೆವರು ಸೇರಿದೆಯೆಂದು ತಿಳಿದವನು ಕೊಟ್ಟೆನೆಂದು ಹೆಮ್ಮೆಪಡುವುದಿಲ್ಲ, ತೀರಿಸಬೇಕೆಂದು ತವಕಪಡುತ್ತಾನೆ. ಕ್ಷಾಮವನ್ನು ಕಂಡವರು ಅನೇಕರು. ಇಟಲಿಯ ಚಿತ್ರವನ್ನು ನೋಡಿದವರೂ ಅನೇಕರು. ಆ ನೋಟವು ತನ್ನ ಮನೆಯ ಕಡೆಗೆ ತಿರುಗಿದಾಗಲೇ ಅದು ಕೃತಿಯಾಯಿತು.

ಈ ಮಾತು ಶರಣರ ಮಕ್ಕಳಾದ ನಮಗೆ ಹೊಸದಲ್ಲ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಬ್ರಾಹ್ಮಣ ಕುಲದಿಂದ ಬಂದ ಮಧುವರಸರು ಸಮಗಾರ ಕುಲದಿಂದ ಬಂದ ಹರಳಯ್ಯನವರ ಮನೆಯೊಡನೆ ಬೀಗತನವನ್ನು ಬೆಳೆಸಿದರೆಂದೂ, ಅದಕ್ಕಾಗಿ ಇಬ್ಬರಿಗೂ ಎಳೆಹೂಟೆಯ ಶಿಕ್ಷೆಯಾಯಿತೆಂದೂ ನಮ್ಮ ಪರಂಪರೆಯು ಹೇಳುತ್ತದೆ. ಮಧುವರಸರು ಹರಳಯ್ಯನವರನ್ನು ಬೀಗರಂತೆ ಎಂದು ಕರೆಯಲಿಲ್ಲ, ಬೀಗರೆಂದೇ ಕರೆದರು. ರಕ್ತವನ್ನು ಕೊಡುವ ಹೊತ್ತು ಬಂದಾಗ ಒಬ್ಬರದನ್ನು ಮಾತ್ರ ಕೇಳಲಿಲ್ಲ. ಇಬ್ಬರದೂ ಒಂದೇ ಬೀದಿಯಲ್ಲಿ ಹರಿಯಿತು. ಅಲ್ಲಿ ಪರೀಕ್ಷೆಗೊಳಗಾದವನು ಪಕ್ಕದಲ್ಲಿ ನಿಂತವನೂ ಹೌದು.

ಮಹೋತ್ಸವದ ಈ ಶುಭಸಮಯದಲ್ಲಿ ದಾಸೋಹದ ಪಂಕ್ತಿಯಲ್ಲಿ ಕುಳಿತುಕೊಳ್ಳುವ ನಾವೆಲ್ಲರೂ ಒಂದು ಕ್ಷಣ ನಮ್ಮ ನಮ್ಮ ಮನೆಗಳನ್ನು ನೆನೆಯೋಣ. ಹೊಲದಲ್ಲಿ ದುಡಿಯುವವರನ್ನು, ಅಂಗಳವನ್ನು ಗುಡಿಸುವವರನ್ನು ನಾವು ಏನೆಂದು ಕರೆಯುತ್ತೇವೆ? ನಮ್ಮವರು ಎಂದೋ, ನಮ್ಮವರಂತೆ ಎಂದೋ? ಆ ಎರಡಕ್ಷರಗಳನ್ನು ಬಿಡಲು ನಮಗೆ ಇನ್ನೆಷ್ಟು ಕಾಲ ಬೇಕು? ಇದನ್ನು ಪ್ರತಿಯೊಬ್ಬರೂ ತಮ್ಮ ತಮ್ಮ ಅಂತರಂಗದಲ್ಲಿ ವಿಚಾರಿಸಿಕೊಂಡರೆ ಈ ಬರೆಹವು ಸಾರ್ಥಕವಾದಂತೆಯೇ ಸರಿ.